ಗುರ್ಲಹೊಸೂರಿನಿಂದ ಪುಣೆಗೆ ಹೋದ ಹಾಡು

ಕಿರ್ಲೋಸ್ಕರ ಎಂಬ ಹೆಸರು ಕಿವಿಗೆ ಬಿದ್ದ ಕೂಡಲೇ ನಿಮಗೆ ಬಾವಿಯ ದಂಡೆಯ ಮೇಲಿನ ಎಂಜಿನ್ನು, ನೀರೆತ್ತುವ ಪಂಪು ನೆನಪಾಗಿರಬೇಕು. ಜತ್ತ, ಅಕ್ಕಲಕೋಟೆ, ಸೊಲ್ಲಾಪುರದ ಕಡೆಯ ರೈತರಿಗಂತೂ ಅದು ಹೊಲದಲ್ಲಿ ದಿನವೂ ಬಳಸುವ ಮಾತು. ಆ ಕಾರಖಾನೆಯನ್ನು ಕಟ್ಟಿದ ಲಕ್ಷ್ಮಣರಾವ ಕಿರ್ಲೋಸ್ಕರರು 1869ರಲ್ಲಿ ಹುಟ್ಟಿದ್ದು ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ. ಇವತ್ತು ನಾನು ಹೇಳಹೊರಟಿರುವುದು ಅವರ ಕಥೆಯನ್ನಲ್ಲ. ಅದೇ ಊರಿನಲ್ಲಿ, ಅದೇ ಮನೆತನದಲ್ಲಿ, ಅವರಿಗಿಂತ ಇಪ್ಪತ್ತಾರು ವರ್ಷ ಮೊದಲು ಹುಟ್ಟಿದ ಇನ್ನೊಬ್ಬರ ಕಥೆಯನ್ನು. ಅವರು ಕಟ್ಟಿದ್ದು ನಾಟಕದ ಹಾಡುಗಳನ್ನು.

ಅವರ ಹೆಸರು ಬಳವಂತ ಪಾಂಡುರಂಗ ಕಿರ್ಲೋಸ್ಕರ. ಜನ ಕರೆದದ್ದು ಅಣ್ಣಾಸಾಹೇಬ ಎಂದು. ಮರಾಠಿಯ ಸಂಗೀತ ನಾಟಕ ಅಂದರೆ ಮೊದಲು ನೆನೆಯುವ ಹೆಸರು ಅವರದು. ಅಂಥವರ ಕಥೆ ಕನ್ನಡದ ಈ ಕಾರ್ಯಕ್ರಮದಲ್ಲಿ ಯಾಕೆ ಎಂದು ನೀವು ಕೇಳಬಹುದು. ಕೇಳಿ, ತಪ್ಪಿಲ್ಲ. ಅದಕ್ಕೆ ಉತ್ತರ ಹೇಳುವ ಮುಂಚೆ ಒಂದು ಸಣ್ಣ ಸಂಗತಿ ಹೇಳಿಬಿಡುತ್ತೇನೆ.

ನಾನು ಹುಡುಗನಾಗಿದ್ದಾಗ ನಮ್ಮ ಮನೆಯ ರೇಡಿಯೋದಲ್ಲಿ ಮರಾಠಿ ನಾಟ್ಯಗೀತೆಗಳು ಬರುತ್ತಿದ್ದವು. ಒಂದು ಮಧ್ಯಾಹ್ನ ಅಜ್ಜಿ ಕಾಳು ಹಸನು ಮಾಡುತ್ತ ಕುಳಿತಿದ್ದಳು. ಹಾಡು ಕೇಳುತ್ತ ಕೇಳುತ್ತ ಮೊರ ಕೆಳಗಿಟ್ಟು, "ಅಯ್ಯ, ಇದು ನಮ್ಮ ಹಾಡಲ್ಲೇನೋ, ಮಾತಷ್ಟೇ ಬ್ಯಾರೆ ಹಾಕ್ಯಾರ" ಅಂದಳು. ಆಮೇಲೆ ಅದೇ ಧಾಟಿಯಲ್ಲಿ ಒಂದು ಆರತಿಯ ಹಾಡಿನ ಎರಡು ಸಾಲು ಹೇಳಿ ತೋರಿಸಿದಳು. ಅದೇ ವಾರ ಶಾಲೆಯಲ್ಲಿ ಮಾಸ್ತರರೊಬ್ಬರು, ನಾನು ಬರೆದ ಪ್ರಬಂಧದಲ್ಲಿ ಕನ್ನಡ ಮರಾಠಿ ಎರಡೂ ಕಲೆತಿದ್ದವೆಂದು, "ಎರಡು ಮನೆ ಬೆಕ್ಕಿಗೆ ಒಂದು ಮನೆಯ ಹಾಲೂ ಇಲ್ಲ" ಎಂದು ಎಲ್ಲರ ಮುಂದೆ ಹಂಗಿಸಿದ್ದರು. ಗಡಿಯ ಊರಿನಲ್ಲಿ ಬೆಳೆದ ನಿಮಗೆ ಇಂಥ ಮಾತು ಹೊಸದಲ್ಲ. ಅಣ್ಣಾಸಾಹೇಬರ ಕಥೆಯನ್ನು ನಾನು ಹುಡುಕಿ ಓದಿದ್ದು ಈ ಎರಡು ಮಾತುಗಳ ನಡುವೆ ಸಿಕ್ಕಿಬಿದ್ದ ಮೇಲೆ.

ಅವರು ಹುಟ್ಟಿದ್ದು 1843ರ ಮಾರ್ಚ್ 31ರಂದು. ಗುರ್ಲಹೊಸೂರು ಸವದತ್ತಿಯ ಸೀಮೆಯ ಊರು. ಎಲ್ಲಮ್ಮನ ಗುಡ್ಡ ಯಾರಿಗೆ ಗೊತ್ತಿಲ್ಲ? ಭಾರತ ಹುಣ್ಣಿಮೆಗೆ ಚಕ್ಕಡಿ ಕಟ್ಟಿಕೊಂಡು ಅತ್ತ ಹೋಗುವ ಸಾಲಿನಲ್ಲಿ ಕನ್ನಡದವರೆಷ್ಟೋ ಮರಾಠಿಯವರೂ ಅಷ್ಟೇ. ಚೌಡಿಕೆಯ ಪದ ಎರಡೂ ಮಾತಿನಲ್ಲಿ ಕೇಳುತ್ತದೆ. ಅಂಥ ನೆಲದಲ್ಲಿ ಮನೆಯ ಮಾತು ಮರಾಠಿ, ಊರ ಮಾತು ಕನ್ನಡ ಎಂದು ಬೆಳೆದ ಹುಡುಗ ಇವರು. ಹನ್ನೆರಡು ವರ್ಷದವರೆಗೆ ಊರಲ್ಲೇ ಇದ್ದು ಎರಡೂ ಭಾಷೆಯ ಪದ್ಯ, ಹಾಡು, ಆಟ ಎಲ್ಲವನ್ನೂ ಕಿವಿಗೆ ತುಂಬಿಕೊಂಡರು. ಆಮೇಲೆ ಓದಿಗೆಂದು ಕೊಲ್ಲಾಪುರಕ್ಕೆ, ಅಲ್ಲಿಂದ ಪುಣೆಗೆ ಹೋದರು.

ಪುಣೆಯಲ್ಲಿ ಓದು ಹಿಂದೆ ಬಿತ್ತು, ನಾಟಕ ಮುಂದೆ ಬಂತು. ಊರೂರು ತಿರುಗುವ ನಾಟಕ ಮಂಡಳಿಗಳಿಗೆ ಪದ್ಯ ಬರೆದುಕೊಡತೊಡಗಿದರು. 1866ರಲ್ಲಿ ತಮ್ಮದೇ ಒಂದು ಮಂಡಳಿ ಕಟ್ಟಿದರು. ಹೆಸರು ದೊಡ್ಡದು, ಭಾರತಶಾಸ್ತ್ರೋತ್ತೇಜಕ ಮಂಡಳಿ. ಅದು ನಿಲ್ಲಲಿಲ್ಲ. ಕಂಪನಿ ಮುಳುಗಿದ ಮೇಲೆ ಅವರು ಬೆಳಗಾವಿಯಲ್ಲಿ ಮಾಸ್ತರಿಕೆ ಮಾಡಿದರು. ಮುಂದೆ ರೆವಿನ್ಯೂ ಕಮಿಷನರರ ಕಚೇರಿಯಲ್ಲಿ ನೌಕರಿಗೆ ಸೇರಿದರು. ಸರಕಾರಿ ಸಂಬಳ, ತಿಂಗಳು ತಿಂಗಳು ಕೈಗೆ ಬರುವ ದುಡ್ಡು. ಈ ನಡುವೆ, 1873ರಲ್ಲಿ, ಶಂಕರಾಚಾರ್ಯರ ಜೀವನದ ಮೇಲೆ ಒಂದು ಗದ್ಯ ನಾಟಕ ಬರೆದರು. ಅಂದರೆ ನಾಟಕದ ಹುಚ್ಚು ಬಿಟ್ಟಿರಲಿಲ್ಲ. ಆದರೂ ಮೊದಲ ಕಂಪನಿ ಕಟ್ಟಿದ್ದಕ್ಕೂ ಹೆಸರು ತಂದ ನಾಟಕಕ್ಕೂ ನಡುವೆ ಹದಿನಾಲ್ಕು ವರ್ಷ ಕಳೆದವು. ಅವರ ಒಟ್ಟು ಆಯುಷ್ಯ ನಲವತ್ತೆರಡೇ ವರ್ಷ ಎಂಬುದನ್ನು ನೆನಪಿನಲ್ಲಿಟ್ಟುಕೊಳ್ಳಿ.

ಅವರು ಮಾಡಿದ ಕೆಲಸ ಏನೆಂದು ತಿಳಿಯಬೇಕಾದರೆ, ಅವರಿಗಿಂತ ಮುಂಚೆ ಮರಾಠಿ ನಾಟಕ ಹೇಗಿತ್ತು ಎಂಬುದನ್ನು ನೋಡಬೇಕು. ಇಲ್ಲಿ ಕಾಸರಗೋಡಿನ ಕಡೆಯ ಕೇಳುಗರು ಸ್ವಲ್ಪ ಕಿವಿಗೊಡಬೇಕು, ಯಾಕೆಂದರೆ ಮಾತು ಯಕ್ಷಗಾನಕ್ಕೆ ಬರುತ್ತದೆ. 1842ರ ಸುಮಾರಿಗೆ ಉತ್ತರ ಕನ್ನಡದ ಕರ್ಕಿಯ ಕಡೆಯ ಭಾಗವತರ ಮೇಳವೊಂದು ಸಾಂಗಲಿಗೆ ಹೋಗಿ ಅಲ್ಲಿಯ ಸಂಸ್ಥಾನಿಕರಾದ ಚಿಂತಾಮಣರಾವ ಪಟವರ್ಧನರ ಮುಂದೆ ಆಟ ಆಡಿತು. ಆಟ ನೋಡಿದ ಸಂಸ್ಥಾನಿಕರು, ಇಂಥದ್ದೊಂದನ್ನು ಮರಾಠಿಯಲ್ಲಿ ಮಾಡು ಎಂದು ತಮ್ಮ ಆಶ್ರಯದಲ್ಲಿದ್ದ ವಿಷ್ಣುದಾಸ ಭಾವೆಯವರಿಗೆ ಹೇಳಿದರು. 1843ರ ನವೆಂಬರ್ 5ರಂದು ಭಾವೆಯವರ ಸೀತಾಸ್ವಯಂವರ ಸಾಂಗಲಿಯಲ್ಲಿ ರಂಗಕ್ಕೆ ಬಂತು. ಇಂದಿಗೂ ಮರಾಠಿಯವರು ನವೆಂಬರ್ 5ನ್ನು ರಂಗಭೂಮಿ ದಿನವೆಂದು ಆಚರಿಸುತ್ತಾರೆ. ಅಣ್ಣಾಸಾಹೇಬರು ಹುಟ್ಟಿದ್ದೂ ಅದೇ ವರ್ಷ. ಇದು ಬರಿಯ ಕಾಕತಾಳೀಯ, ಆದರೂ ನೆನಪಿಟ್ಟುಕೊಳ್ಳಲು ಅನುಕೂಲ.

ಭಾವೆಯವರ ಆಟದಲ್ಲಿ ಹಾಡುವವನು ಒಬ್ಬನೇ, ಸೂತ್ರಧಾರ. ನಮ್ಮ ಭಾಗವತರ ಹಾಗೆ ಅವನು ರಂಗದ ಒಂದು ಮಗ್ಗುಲಿಗೆ ನಿಂತು ಮೊದಲಿನಿಂದ ಕೊನೆಯವರೆಗೆ ಎಲ್ಲ ಪದ್ಯವನ್ನೂ ತಾನೇ ಹಾಡುತ್ತಿದ್ದ. ಮೊದಲು ಗಣಪತಿ ಬರುತ್ತಾನೆ, ನವಿಲಿನ ಮೇಲೆ ಸರಸ್ವತಿ ಬರುತ್ತಾಳೆ, ವಿದೂಷಕ ನಗಿಸುತ್ತಾನೆ. ಆಮೇಲೆ ಕಥೆ. ರಾಮ ಬಂದರೆ "ರಾಮನು ಹೀಗೆ ದುಃಖಪಟ್ಟನು" ಎಂದು ಸೂತ್ರಧಾರ ಹಾಡಬೇಕು, ರಾಮನ ವೇಷದವನು ಮುಖ ಬಾಡಿಸಿಕೊಂಡು ನಿಲ್ಲಬೇಕು, ಹಾಡು ಮುಗಿದ ಮೇಲೆ ತೋಚಿದಷ್ಟು ಮಾತಾಡಬೇಕು. ರಾಕ್ಷಸರಿಗೆ ಹಾಡಿನ ಚಿಂತೆಯೇ ಇಲ್ಲ. ಅವರು 'ಅಲಲಲ' ಎಂದು ಅರಚಿಕೊಂಡು ಕುಣಿದರೆ ಮುಗಿಯಿತು. ಆ ಕಾಲದ ನಾಟಕಗಳಿಗೆ ಆ ಕೂಗಿನ ಮೇಲೆಯೇ ಒಂದು ಅಡ್ಡಹೆಸರು ಬಿದ್ದಿತ್ತು.

ಯಕ್ಷಗಾನದಲ್ಲಿ ಇದು ಸೊಗಸಾಗಿ ಹೊಂದುತ್ತದೆ. ಅಲ್ಲಿ ಭಾಗವತನ ಪದಕ್ಕೆ ವೇಷಧಾರಿ ಕುಣಿಯುತ್ತಾನೆ, ಚೆಂಡೆ ಮದ್ದಳೆ ಮಾತಾಡುತ್ತವೆ, ಆಮೇಲೆ ಅರ್ಥಗಾರಿಕೆಯಲ್ಲಿ ಪಾತ್ರ ಪೂರ್ತಿ ಬಿಚ್ಚಿಕೊಳ್ಳುತ್ತದೆ. ಸಾಂಗಲಿಗೆ ಹೋದಾಗ ಆ ಕುಣಿತವೂ ಆ ಅರ್ಥಗಾರಿಕೆಯೂ ಪೂರ್ತಿ ಜೊತೆಗೆ ಹೋಗಲಿಲ್ಲ ಎಂದು ನನ್ನ ಎಣಿಕೆ. ಉಳಿದದ್ದು ಪಕ್ಕದಲ್ಲಿ ನಿಂತು ಹಾಡುವವನೊಬ್ಬ, ನಡುವೆ ನಿಂತು ಕಾಯುವವನೊಬ್ಬ.

1880ರಲ್ಲಿ ಪುಣೆಗೆ ಒಂದು ಪಾರಸಿ ನಾಟಕ ಕಂಪನಿ ಬಂದಿತ್ತು. ಇಂದ್ರಸಭಾ ಎಂಬ ಉರ್ದು ಆಟ. ಪರದೆ, ದೀಪ, ಜರಿಯ ಬಟ್ಟೆ, ಮತ್ತು ಪಾತ್ರಧಾರಿಗಳೇ ಬಾಯಿಬಿಟ್ಟು ಹಾಡುವುದು. ಜನ ಮುಗಿಬಿದ್ದು ನೋಡಿದರು. ಅಣ್ಣಾಸಾಹೇಬರೂ ನೋಡಿದರು. ಇದನ್ನು ನಮ್ಮ ಮಾತಿನಲ್ಲಿ, ನಮ್ಮ ಕಥೆಗೆ, ನಮ್ಮ ಧಾಟಿಯಲ್ಲಿ ಯಾಕೆ ಮಾಡಬಾರದು ಎಂಬುದು ಅವರ ತಲೆಗೆ ಹೊಕ್ಕಿತು. ಸರಿಯಾಗಿ ಹೇಳಬೇಕೆಂದರೆ ಮುಂಬಯಿಯ ಸೋಕರ ಬಾಪೂಜಿ ತ್ರಿಲೋಕೇಕರರು ಹಿಂದಿನ ವರ್ಷವೇ, 1879ರಲ್ಲಿ, ನಳದಮಯಂತಿಯ ಮೇಲೆ ಒಂದು ಸಂಗೀತ ನಾಟಕ ಮಾಡಿದ್ದರು. ಮೊದಲಿಗ ಯಾರು ಎಂಬ ಜಗಳಕ್ಕೆ ನಾವು ಹೋಗುವುದು ಬೇಡ. ಜನರ ನಾಲಗೆಯ ಮೇಲೆ ನಿಂತದ್ದು ಅಣ್ಣಾಸಾಹೇಬರ ಹಾಡು.

ಅವರು ಆರಿಸಿಕೊಂಡದ್ದು ಕಾಳಿದಾಸನ ಶಾಕುಂತಲ. ಈ ಆಯ್ಕೆಯ ಹಿಂದೆ ಕನ್ನಡದ ಒಂದು ಪುಸ್ತಕ ಇದೆ ಎಂದು ನಮ್ಮ ವಿದ್ವಾಂಸರು ಹೇಳುತ್ತ ಬಂದಿದ್ದಾರೆ. ಧಾರವಾಡದ ಕಡೆಯ ಚುರಮುರಿ ಶೇಷಗಿರಿರಾಯರು 1870ರ ಸುಮಾರಿಗೆ, ಅಂದರೆ ಹತ್ತು ವರ್ಷ ಮೊದಲೇ, ಶಾಕುಂತಲವನ್ನು ಕನ್ನಡಕ್ಕೆ ತಂದಿದ್ದರು. ಸಂಸ್ಕೃತದ ಶ್ಲೋಕಗಳಿಗೆ ಬದಲು ಹಾಡು, ಸಣ್ಣ ಪಾತ್ರಗಳ ಬಾಯಲ್ಲಿ ನಮ್ಮ ಉತ್ತರ ಕರ್ನಾಟಕದ ಆಡುಮಾತು. ಬೆಳಗಾವಿಯಲ್ಲಿದ್ದು ಕನ್ನಡ ಬಲ್ಲ ನಾಟಕದ ಹುಚ್ಚಿನ ಮನುಷ್ಯನಿಗೆ ಆ ಪುಸ್ತಕ ಕಣ್ಣಿಗೆ ಬೀಳದೆ ಹೋಗಿರಲಾರದು ಎಂಬುದು ಅವರ ವಾದ. ನನಗೂ ಅದು ಒಪ್ಪಿಗೆಯಾಗುವ ಮಾತು. ಆದರೆ ಅಷ್ಟಕ್ಕೇ "ಎಲ್ಲ ನಮ್ಮದೇ" ಎಂದು ಎದೆ ತಟ್ಟಿಕೊಳ್ಳುವವರ ಜೊತೆ ನಾನಿಲ್ಲ. ಪುಸ್ತಕದಲ್ಲಿ ಹಾಡು ಇರುವುದು ಒಂದು, ಅದನ್ನು ಸಾವಿರ ಜನರ ಮುಂದೆ ನಿಲ್ಲಿಸುವುದು ಇನ್ನೊಂದು.

1880ರ ಅಕ್ಟೋಬರ್ 31. ದೀಪಾವಳಿಯ ದಿನಗಳು. ಪುಣೆಯ ಆನಂದೋದ್ಭವ ನಾಟಕಗೃಹದಲ್ಲಿ ಸಂಗೀತ ಶಾಕುಂತಲದ ಮೊದಲ ಆಟ. ಸೂತ್ರಧಾರನಾಗಿ ಸ್ವತಃ ಅಣ್ಣಾಸಾಹೇಬರು. ದುಷ್ಯಂತನಾಗಿ ಮೋರೋಬಾ ವಾಘೋಲಿಕರ, ಕಣ್ವ ಋಷಿಯಾಗಿ ಬಾಳಕೋಬಾ ನಾಟೇಕರ, ಶಕುಂತಲೆಯಾಗಿ ಶಂಕರರಾವ ಮುಜುಂದಾರ. ಹೆಣ್ಣಿನ ಪಾತ್ರವನ್ನು ಗಂಡಸರೇ ಮಾಡುತ್ತಿದ್ದ ಕಾಲ ಅದು. ನಾಂದಿ ಹಾಡಿ, ನಟಿಯ ಜೊತೆ ನಾಲ್ಕು ಮಾತಾಡಿ ಸೂತ್ರಧಾರ ಒಳಗೆ ಹೋದ. ಮತ್ತೆ ಹೊರಗೆ ಬರಲೇ ಇಲ್ಲ.

ಇದೇ ನೋಡಿ ಅಣ್ಣಾಸಾಹೇಬರು ಮಾಡಿದ ದೊಡ್ಡ ಕೆಲಸ. ಪಕ್ಕದಲ್ಲಿ ನಿಂತು ಹಾಡುವವನನ್ನು ಒಳಗೆ ಕಳಿಸಿಬಿಟ್ಟರು. ಈಗ ದುಷ್ಯಂತನ ಆಸೆಯನ್ನು ದುಷ್ಯಂತನೇ ಹಾಡಬೇಕು, ಶಕುಂತಲೆಯ ನಾಚಿಕೆಯನ್ನು ಶಕುಂತಲೆಯೇ ಹಾಡಬೇಕು. ವ್ಯಾಕರಣದ ಮಾಸ್ತರರ ಹಾಗೆ ಹೇಳುವುದಾದರೆ, ಹಾಡಿನೊಳಗಿನ 'ಅವನು' ಹೋಗಿ 'ನಾನು' ಬಂತು. ಹಾಡು ಕಥೆಯ ವರದಿಯಾಗಿದ್ದದ್ದು ಪಾತ್ರದ ಮಾತೇ ಆಯಿತು. ನಮಗೆ ಸಿನಿಮಾದ ಅಭ್ಯಾಸ, ಹೀಗಾಗಿ ಇದರಲ್ಲಿ ಏನು ವಿಶೇಷ ಅನ್ನಿಸಬಹುದು. ಅಂದು ಕೂತು ನೋಡಿದವರಿಗೆ ಅದು ಹೊಸ ಲೋಕ.

ಆ ಮೊದಲ ರಾತ್ರಿ ಆಡಿದ್ದು ಏಳರಲ್ಲಿ ನಾಲ್ಕೇ ಅಂಕ. ಏಳೂ ಅಂಕಗಳ ಪೂರ್ತಿ ನಾಟಕ ಮುಂದಿನ ವರ್ಷ ಬಂತು. ನಾಲ್ಕನೆಯ ಅಂಕ ಎಲ್ಲಿಗೆ ನಿಲ್ಲುತ್ತದೆ, ನಿಮಗೆ ಗೊತ್ತಿರಬೇಕು. ಸಾಕಿದ ಮಗಳನ್ನು ಕಣ್ವರು ಗಂಡನ ಮನೆಗೆ ಕಳಿಸಿಕೊಡುವ ಜಾಗ ಅದು. ಕಾಡಿನ ಜಿಂಕೆ ಸೆರಗು ಹಿಡಿದು ಎಳೆಯುತ್ತದೆ, ಗೆಳತಿಯರು ಅಳುತ್ತಾರೆ, ಎಲ್ಲವನ್ನೂ ಬಿಟ್ಟ ಋಷಿಯ ಗಂಟಲೂ ಕಟ್ಟುತ್ತದೆ. ಹೆಣ್ಣು ಒಪ್ಪಿಸುವ ಹಾಡು ಯಾವ ಊರಲ್ಲಿಲ್ಲ? ಸೋಬಾನೆ ಹಾಡಿ ಮಗಳನ್ನು ಬಂಡಿ ಹತ್ತಿಸಿದ ತಾಯಂದಿರು ಕನ್ನಡದಲ್ಲೂ ಇದ್ದಾರೆ, ಮರಾಠಿಯಲ್ಲೂ ಇದ್ದಾರೆ. ಇಲ್ಲಿಯವರೆಗೆ ಆ ದುಃಖವನ್ನು ಸೂತ್ರಧಾರ 'ಹೀಗಾಯಿತು' ಎಂದು ಹೇಳುತ್ತಿದ್ದ. ಈಗ ಸ್ವತಃ ತಂದೆ ನಿಂತು ಹಾಡುತ್ತಾನೆ. ನಾಟೇಕರರ ಕಂಠ ಚೆನ್ನಾಗಿತ್ತು ಎಂದು ಆ ಕಾಲದವರು ಹೊಗಳಿದ್ದಾರೆ. ಆಟವನ್ನು ಅಲ್ಲಿಗೆ ನಿಲ್ಲಿಸಿ ಪರದೆ ಇಳಿಸಿದರು ಎಂದರೆ, ಜನರನ್ನು ಯಾವ ಮನಸ್ಸಿನಲ್ಲಿ ಮನೆಗೆ ಕಳಿಸಿದರು ಎಂದು ನೀವೇ ಊಹಿಸಿಕೊಳ್ಳಿ.

ಈಗ ಧಾಟಿಯ ವಿಷಯಕ್ಕೆ ಬರೋಣ. ಶಾಕುಂತಲದಲ್ಲಿ ಹೆಚ್ಚುಕಡಿಮೆ ಇನ್ನೂರು ಹಾಡುಗಳಿದ್ದವು. ಇನ್ನೂರು! ಒಬ್ಬ ಮನುಷ್ಯ ಇಷ್ಟಕ್ಕೆಲ್ಲ ಹೊಸ ಧಾಟಿ ಹುಟ್ಟಿಸಲು ಸಾಧ್ಯವೇ? ಅಣ್ಣಾಸಾಹೇಬರು ಆ ಗೋಜಿಗೆ ಹೋಗಲಿಲ್ಲ. ಅವರ ಜಾಣತನ ಇದ್ದದ್ದು ಆರಿಸುವುದರಲ್ಲಿ. ಜನರ ಕಿವಿಯಲ್ಲಿ ಮೊದಲೇ ಇದ್ದ ಧಾಟಿಯನ್ನು ಎತ್ತಿಕೊಂಡು, ಅದಕ್ಕೆ ಪಾತ್ರದ ಮಾತು ಕೂಡಿಸುವುದು. ಮುದ್ರಿತ ನಾಟಕದಲ್ಲಿ ಪ್ರತಿ ಹಾಡಿನ ತಲೆಯ ಮೇಲೆ 'ಚಾಲ' ಎಂದು ಬರೆದು ಇಂಥ ಹಾಡಿನ ಹಾಗೆ ಹಾಡಬೇಕು ಎಂದು ಸೂಚಿಸುವ ರೂಢಿ ಇತ್ತು. ನಮ್ಮ ಹಳೆಯ ಕನ್ನಡ ನಾಟಕಗಳಲ್ಲಿ 'ಮಟ್ಟು' ಎಂದು ಬರೆಯುತ್ತಿದ್ದರಲ್ಲ, ಹಾಗೆ. ಆ ಚಾಲಗಳಲ್ಲಿ ಕೀರ್ತನಕಾರರ ಧಾಟಿ ಇದೆ, ಲಾವಣಿ ಇದೆ, ಹೆಂಗಸರ ಹಾಡು ಇದೆ, ಹಿಂದುಸ್ತಾನಿ ಚೀಜು ಇದೆ, ಮತ್ತು ಕರ್ನಾಟಕಿ ಎಂದು ಕರೆಯುವ ನಮ್ಮ ಕಡೆಯ ಧಾಟಿಗಳಿವೆ. ಗುರ್ಲಹೊಸೂರಿನ ಹುಡುಗ ಹನ್ನೆರಡು ವರ್ಷ ತುಂಬಿಕೊಂಡದ್ದು ಇಲ್ಲಿ ಖರ್ಚಾಯಿತು.

ಇದರ ಜೊತೆಗೆ ಸಾಕಿ, ದಿಂಡಿ, ಕಾಮದಾ, ಅಂಜನೀಗೀತ ಎಂಬ ಸಣ್ಣ ಸಣ್ಣ ಛಂದಸ್ಸುಗಳನ್ನು ಅವರು ಬೇಕಾದಷ್ಟು ಬಳಸಿದರು. ಇವುಗಳ ಉಪಯೋಗ ಬಹಳ. ನಮ್ಮ ತ್ರಿಪದಿಯನ್ನು ತೆಗೆದುಕೊಳ್ಳಿ. ಬೀಸುವ ಕಲ್ಲಿನ ಮುಂದೆ ಕುಳಿತ ಹೆಣ್ಣುಮಗಳಿಗೆ ಒಂದು ಧಾಟಿ ಬಂದರೆ ಸಾಕು, ನೂರು ಪದ ಅದೇ ಎಳೆಯಲ್ಲಿ ಹರಿಯುತ್ತವೆ. ಮರಾಠಿ ಓವಿಯೂ ಹಾಗೆಯೇ. ಸಾಕಿ ದಿಂಡಿಗಳೂ ಹಾಗೆಯೇ. ಧಾಟಿ ಮೊದಲೇ ಗೊತ್ತು, ಸಾಲು ನಾಲ್ಕೇ, ಆಲಾಪ ಎಳೆಯುವ ಅವಕಾಶ ಕಡಿಮೆ. ಹೀಗಾಗಿ ಹಾಡು ಮಾತಿನ ವೇಗದಲ್ಲೇ ನಡೆಯುತ್ತದೆ, ಕಥೆ ನಿಲ್ಲುವುದಿಲ್ಲ. ಕೇಳುವವರ ಗಮನ ಧಾಟಿ ಯಾವುದು ಎಂಬುದಕ್ಕೆ ಹೋಗದೆ ಮಾತು ಏನು ಎಂಬುದಕ್ಕೆ ಹೋಗುತ್ತದೆ. ದೊಡ್ಡ ಗವಾಯಿ ಅಲ್ಲದವನೂ ಇದನ್ನು ನಿಭಾಯಿಸಬಲ್ಲ.

ಯಾರಿಗೆ ಯಾವ ಧಾಟಿ ಕೊಡಬೇಕು ಎಂಬುದೂ ಒಂದು ಲೆಕ್ಕವೇ. ಋಷಿಯ ಬಾಯಿಗೆ ಲಾವಣಿ ಕೊಟ್ಟರೆ ಜನ ನಕ್ಕು ಎದ್ದು ಹೋಗುತ್ತಾರೆ. ಧಾಟಿಯೇ ಅರ್ಧ ಪರಿಚಯ ಹೇಳಿಬಿಡುತ್ತದೆ. ಇದು ಕೇಳಿ ಕಲಿಯುವ ಲೆಕ್ಕ. ಯಾವ ಹಾಡನ್ನು ಯಾರು, ಯಾವ ಹೊತ್ತಿನಲ್ಲಿ, ಯಾವ ಅಂಗಳದಲ್ಲಿ ಹಾಡುತ್ತಾರೆ ಎಂಬುದನ್ನು ಸಣ್ಣಂದಿನಿಂದ ಕಂಡವನಿಗೇ ಅದು ಗೊತ್ತು. ಎರಡು ಭಾಷೆಯ ಅಂಗಳ ಕಂಡವನಿಗೆ ಆರಿಸಲು ಎರಡು ಕಣಜ.

ಶಾಕುಂತಲ ಕಾಳಿದಾಸನದು. ಆದರೆ 1882ರ ನವೆಂಬರ್ 18ರಂದು ರಂಗಕ್ಕೆ ಬಂದ ಸಂಗೀತ ಸೌಭದ್ರ ಅಣ್ಣಾಸಾಹೇಬರ ಸ್ವಂತದ್ದು. ಕಥೆ ಭಾರತದ್ದೇ. ತಂಗಿ ಸುಭದ್ರೆಯನ್ನು ದುರ್ಯೋಧನನಿಗೆ ಕೊಡಬೇಕೆಂದು ಬಲರಾಮನ ಹಟ, ಅವಳ ಮನಸ್ಸು ಅರ್ಜುನನ ಮೇಲೆ. ತೀರ್ಥಯಾತ್ರೆಯಲ್ಲಿದ್ದ ಅರ್ಜುನನಿಗೆ ನಾರದರಿಂದ ಸುದ್ದಿ ತಿಳಿಯುತ್ತದೆ. ಮುಂದೆ ಅವನು ಸನ್ಯಾಸಿಯ ವೇಷ ಹಾಕಿ ಬರುವುದು, ಎಲ್ಲವನ್ನೂ ಕೃಷ್ಣ ಒಳಗಿನಿಂದ ನಡೆಸುವುದು, ಬಲರಾಮ ಏನೂ ಅರಿಯದೆ ಕಪಟ ಸನ್ಯಾಸಿಗೆ ಕೈಮುಗಿಯುವುದು. ದೇವರ ಕಥೆ ಎಂದು ಹೆಸರು, ನಡೆಯುವುದೆಲ್ಲ ಒಂದು ಕೂಡುಕುಟುಂಬದ ಮನೆಯ ವ್ಯವಹಾರ. ಅಣ್ಣನ ಸಿಟ್ಟು, ಅತ್ತಿಗೆಯ ಸಮಾಧಾನ, ಮದುವೆಯ ಗಡಿಬಿಡಿ. ಕೃಷ್ಣ ರುಕ್ಮಿಣಿಯರು ಗಂಡ ಹೆಂಡಿರ ಹಾಗೆ ಮಾತಾಡುತ್ತಾರೆ. ನನಗಂತೂ ಆ ಮಾತು ಕೇಳಿದಾಗಲೆಲ್ಲ ನಮ್ಮ ಶ್ರೀಕೃಷ್ಣ ಪಾರಿಜಾತದ ಆಟ ನೆನಪಾಗುತ್ತದೆ. ಅಲ್ಲೂ ದೇವರು ಹೆಂಡಿರ ಮುಂದೆ ಸೋಲುವವನೇ.

ಸೌಭದ್ರದ ಹೊತ್ತಿಗೆ ಕಂಪನಿಗೆ ಬರೋಡೆಯಿಂದ ಭಾವುರಾವ ಕೊಲ್ಹಟಕರ ಎಂಬ ಹುಡುಗ ಬಂದಿದ್ದ. ಏರುಕಂಠ, ಝಣಝಣಿಸುವ ದನಿ. ಸುಭದ್ರೆಯ ಪಾತ್ರ ಅವನ ಪಾಲಿಗೆ ಬಂತು. ವಾಘೋಲಿಕರ ಅರ್ಜುನ, ನಾಟೇಕರ ಕೃಷ್ಣ. ಆ ಹುಡುಗನ ಗಂಟಲಿನ ಮೇಲೆ ಒಂದು ಕಂಪನಿ ಇಪ್ಪತ್ತು ವರ್ಷ ಬದುಕಿತು ಎಂದರೆ ಅತಿಶಯವಲ್ಲ. ಇದರಲ್ಲಿ ಒಂದು ತೊಡಕೂ ಇತ್ತು. ಪಾತ್ರಧಾರಿಯೇ ಹಾಡಬೇಕಾದ ಮೇಲೆ, ನಟನನ್ನು ಆರಿಸುವಾಗ ಮೊದಲು ನೋಡುವುದು ಕಂಠವನ್ನು, ಆಮೇಲೆ ಉಳಿದದ್ದನ್ನು. ಕಂಪನಿಯ ತಾಲೀಮು ಸಂಗೀತದ ಶಾಲೆಯೇ ಆಯಿತು. ಹಾಡುವವನು ಹಾಡುತ್ತಲೇ ನಿಂತುಬಿಟ್ಟರೆ ನಾಟಕದ ಗತಿ ಏನು ಎಂಬ ಚಿಂತೆ ಮುಂದಿನವರಿಗೆ ಬಂತು.

ಅಣ್ಣಾಸಾಹೇಬರಿಗೆ ಆ ಚಿಂತೆ ಕಾಣುವಷ್ಟು ಆಯುಷ್ಯ ಇರಲಿಲ್ಲ. 1884ರಲ್ಲಿ ರಾಮರಾಜ್ಯವಿಯೋಗ ಎಂಬ ಮೂರನೆಯ ಸಂಗೀತ ನಾಟಕ ಶುರುಮಾಡಿದರು. ರಾಮ ಪಟ್ಟ ತಪ್ಪಿ ಕಾಡಿಗೆ ಹೊರಡುವ ಕಥೆ. ಅದರಲ್ಲಿ ಭಾವುರಾವ ಮಂಥರೆ. ಮೂರು ಅಂಕ ರಂಗಕ್ಕೆ ಬಂದವು, ಮುಂದಿನದು ಬರೆದು ಮುಗಿಯಲಿಲ್ಲ. 1885ರ ನವೆಂಬರ್ 2ರಂದು ಗುರ್ಲಹೊಸೂರಿನಲ್ಲೇ ಅವರು ತೀರಿಕೊಂಡರು. ಶಾಕುಂತಲದ ಮೊದಲ ಆಟದಿಂದ ಎಣಿಸಿದರೆ ಸರಿಯಾಗಿ ಐದು ವರ್ಷ ಎರಡು ದಿನ. ನಾವು ಇಷ್ಟು ಹೊತ್ತು ಮಾತಾಡಿದ ಎಲ್ಲ ಕೆಲಸ ನಡೆದದ್ದು ಆ ಐದು ವರ್ಷದಲ್ಲಿ.

ಮುಂದಿನ ಕಥೆಯನ್ನು ಬೇಗ ಹೇಳಿಬಿಡುತ್ತೇನೆ. ಕಿರ್ಲೋಸ್ಕರ ನಾಟಕ ಮಂಡಳಿ ಅವರ ನಂತರವೂ ಬಹುಕಾಲ ನಡೆಯಿತು. ಬೆಳಗಾವಿಯಲ್ಲಿ ಅವರ ಒಡನಾಟದಲ್ಲಿ ಬೆಳೆದ ಗೋವಿಂದ ಬಲ್ಲಾಳ ದೇವಲರು 1899ರಲ್ಲಿ ಸಂಗೀತ ಶಾರದಾ ಬರೆದು, ಮುದುಕರು ಎಳೆಯ ಹೆಣ್ಣುಮಕ್ಕಳನ್ನು ಮದುವೆಯಾಗುವ ಪದ್ಧತಿಯನ್ನು ರಂಗದ ಮೇಲೆ ಎಳೆತಂದರು. 1901ರಲ್ಲಿ ಭಾವುರಾವ ಕೊಲ್ಹಟಕರರು ತೀರಿಹೋದರು. ಕೆಲವು ವರ್ಷಗಳ ಮೇಲೆ ಬಾಲಗಂಧರ್ವರು ಅದೇ ಕಂಪನಿಗೆ ಬಂದು ಶಕುಂತಲೆಯಾದರು. 1913ರಲ್ಲಿ ಅವರು ಹೊರಬಿದ್ದು ತಮ್ಮದೇ ಕಂಪನಿ ಕಟ್ಟಿದರು. ಆ ಕಾಲಕ್ಕೆ ನಾಟಕದ ಹಾಡು ರಾಗದಾರಿಯಾಗಿತ್ತು. 1911ರ ಮಾನಾಪಮಾನಕ್ಕೆ ಗೋವಿಂದರಾವ ಟೇಂಬೆ, 1916ರ ಸ್ವಯಂವರಕ್ಕೆ ಭಾಸ್ಕರಬುವಾ ಬಖಲೆ ಸಂಗೀತ ಕೂಡಿಸಿದರು. ಹಾಡುಗಳು ಅಪ್ಪಟ ಬಂಗಾರ, ಸಂಶಯವಿಲ್ಲ. ಆದರೆ ವನ್ಸ್‌ಮೋರ್ ಮೇಲೆ ವನ್ಸ್‌ಮೋರ್ ಬಂದು, ಆಟ ಬೆಳಗಿನ ಜಾವಕ್ಕೆ ಮುಗಿದು, ಕಥೆ ಎಲ್ಲಿ ಬಿಟ್ಟಿತ್ತು ಎಂಬುದೇ ಮರೆತುಹೋಗುವುದೂ ಇತ್ತು. ಅಣ್ಣಾಸಾಹೇಬರ ಸಾಕಿ ದಿಂಡಿಗಳ ಬೆಲೆ ನನಗೆ ಹೆಚ್ಚು ತಿಳಿದದ್ದು ಇದನ್ನು ಕೇಳಿದ ಮೇಲೆ.

ಇನ್ನು ಕನ್ನಡದ ಮಾತು. ಯಕ್ಷಗಾನ ನೋಡಿ ಭಾವೆ ನಾಟಕ ಮಾಡಿದರು ಎಂದು ಹೇಳಿದೆ. ಆ ಮರಾಠಿ ನಾಟಕ ಮಂಡಳಿಗಳು ಬೆಳಗಾವಿ, ಧಾರವಾಡ, ಹುಬ್ಬಳ್ಳಿ, ಗದಗಿಗೆ ಬಂದು ಆಡಿದಾಗ, ಕನ್ನಡದಲ್ಲಿ ಇಂಥ ನಾಟಕ ಯಾಕಿಲ್ಲ ಎಂಬ ಸಂಕಟ ಒಬ್ಬ ಮಾಸ್ತರರನ್ನು ಕಾಡಿತು. ಅವರು ಶಾಂತಕವಿ, ಸಕ್ಕರಿ ಬಾಳಾಚಾರ್ಯರು. 1870ರ ದಶಕದಲ್ಲಿ ಗದಗಿನಲ್ಲಿ ವೀರನಾರಾಯಣನ ಹೆಸರಿನಲ್ಲಿ ಮಂಡಳಿ ಕಟ್ಟಿಸಿ, ಉಷಾಹರಣ ಬರೆದು ಕನ್ನಡ ನಾಟಕ ಆಡಿಸಿದರು. ಅಂದರೆ ಕರ್ಕಿಯಿಂದ ಹೊರಟದ್ದು ಸಾಂಗಲಿ ಸುತ್ತಿ ಗದಗಿಗೆ ಬಂತು. ಗುರ್ಲಹೊಸೂರಿನಿಂದ ಹೊರಟದ್ದು ಪುಣೆ ಸುತ್ತಿ ಕುಂದಗೋಳಕ್ಕೆ ಬಂತು. ಕುಂದಗೋಳ ಅಂದೆ, ಯಾಕೆಂದರೆ ಆ ಊರಿನ ರಾಮಭಾವು, ನಮ್ಮ ಸವಾಯಿ ಗಂಧರ್ವರು, ಮರಾಠಿ ಸಂಗೀತ ನಾಟಕಗಳಲ್ಲಿ ಹೆಣ್ಣಿನ ಪಾತ್ರ ಹಾಡಿ ಹೆಸರಾದವರು. ಅವರ ಬಳಿ ಕಲಿತವರು ಗಂಗೂಬಾಯಿ ಹಾನಗಲ್, ಭೀಮಸೇನ ಜೋಶಿ. ಮಲ್ಲಿಕಾರ್ಜುನ ಮನ್ಸೂರರೂ ಎಳೆಯ ವಯಸ್ಸಿನಲ್ಲಿ ಕನ್ನಡ ನಾಟಕ ಕಂಪನಿಯಲ್ಲಿ ಹಾಡಿದವರೇ. ಗದಗಿನ ಭೀಮಸೇನರು ಮರಾಠಿ ನಾಟ್ಯಗೀತೆ ಹಾಡಿದಾಗ ಪುಣೆಯ ಜನ ಇವರು ಯಾವ ಊರಿನವರು ಎಂದು ಕೇಳಲಿಲ್ಲ.

ಅಣ್ಣಾಸಾಹೇಬರು ಯಾರಿಗೆ ಸೇರಿದವರು ಎಂದು ನಮ್ಮ ಕೇಳುಗರೊಬ್ಬರು ಹಿಂದೊಮ್ಮೆ ಕೇಳಿದ್ದರು. ಅವರು ಬರೆದದ್ದು ಮರಾಠಿಯಲ್ಲಿ, ಆದ್ದರಿಂದ ಮರಾಠಿಯವರು ಅವರನ್ನು ತಮ್ಮವರೆನ್ನುವುದು ನ್ಯಾಯವೇ. ಮರಾಠಿ ಬಲ್ಲ ನೀವೂ ಆ ನ್ಯಾಯದಲ್ಲಿ ಪಾಲುದಾರರು. ಆದರೆ ಆ ಇನ್ನೂರು ಹಾಡುಗಳನ್ನು ಕೇಳುವಾಗ ಪುಣೆಯ ಜಾಣ ಕೇಳುಗನಿಗೆ ಸಿಗದ ಒಂದು ಸಂಗತಿ ನಿಮಗೆ ಸಿಗುತ್ತದೆ. ಧಾಟಿ ಹೊರಟ ಅಂಗಳ ಯಾವುದು ಎಂಬುದು. ನಮ್ಮ ಅಜ್ಜಿಗೆ ಓದುಬರಹ ಬರುತ್ತಿರಲಿಲ್ಲ, ಅಣ್ಣಾಸಾಹೇಬರ ಹೆಸರೂ ಗೊತ್ತಿರಲಿಲ್ಲ, ಆದರೂ ಅದು ತಿಳಿಯಿತು. ನನ್ನನ್ನು ಬೆಕ್ಕು ಎಂದ ಮಾಸ್ತರರಿಗೆ ತಿಳಿಯಲಿಲ್ಲ.

ಆ ಹಾಡುಗಳ ತಲೆಯ ಮೇಲೆ ಹೆಸರಿಸಿದ ಹಳೆಯ ಮೂಲ ಹಾಡುಗಳನ್ನು ಹಾಡಬಲ್ಲವರು ಈಗ ಬಹಳ ಕಡಿಮೆ. ಚಾಲದ ಹೆಸರು ಪುಸ್ತಕದಲ್ಲಿ ಉಳಿಯುತ್ತದೆ, ಹಾಡು ಮುದುಕಿಯರ ಜೊತೆ ಹೋಗುತ್ತದೆ. ಸೌಭದ್ರ ಇಂದಿಗೂ ಅಲ್ಲಲ್ಲಿ ಆಡುವ ನಾಟಕ, ಅದರ ಹಾಡುಗಳು ಮರಾಠಿ ರೇಡಿಯೋದಲ್ಲಿ ಬರುತ್ತವೆ. ಮುಂದಿನ ಸಲ ಅಂಥದ್ದೊಂದು ಹಾಡು ಬಂದಾಗ ಮನೆಯ ಹಿರಿಯರನ್ನು ಪಕ್ಕಕ್ಕೆ ಕೂರಿಸಿಕೊಂಡು ಕೇಳಿಸಿ. ಆ ಧಾಟಿಗೆ ಅವರ ಹತ್ತಿರ ಒಂದು ಬೀಸುವ 'ಪದ'ವೋ, ಆರತಿಯ ಹಾಡೋ, ಸೋಬಾನೆಯೋ ಇದ್ದರೆ ಬರೆದುಕೊಳ್ಳಿ. ಮಾತು ಕನ್ನಡದ್ದಾಗಿರಲಿ, ಮರಾಠಿಯದ್ದಾಗಿರಲಿ, ಎರಡೂ ಕಲೆತಿರಲಿ. ಹಾಡಿದವರು ಯಾರಿಂದ ಕಲಿತರು, ಯಾವ ಕೆಲಸದ ಹೊತ್ತಿನಲ್ಲಿ ಹಾಡುತ್ತಿದ್ದರು ಎಂಬುದನ್ನೂ ಸೇರಿಸಿ ನಮಗೊಂದು ಕಾಗದ ಹಾಕಿ. ಬಂದ ಹಾಡುಗಳನ್ನು ಇದೇ ಹೊತ್ತಿನಲ್ಲಿ ಓದಿ ಹೇಳುತ್ತೇವೆ. ಹಾಡಬಲ್ಲವರು ಸಿಕ್ಕರೆ ಹಾಡಿಸುತ್ತೇವೆ.